ಏಟು ಕಾಣದ ಪೆಟ್ಟು: ‘ಶರಪಂಜರ’ವನ್ನು ಯೆರವಡಾದಲ್ಲಿ ಕುಳಿತು ಓದಿದಾಗ

ಪುಣೆಗೆ ಹೊಸದಾಗಿ ಬಂದ ಕನ್ನಡಿಗರು ನಮ್ಮ ವಿಳಾಸ ಕೇಳಿ, ನಾವು ‘ಯೆರವಡಾ’ ಎಂದೊಡನೆ ಒಂದು ಕ್ಷಣ ಸುಮ್ಮನಾಗಿ ಆಮೇಲೆ ನಗುತ್ತಾರೆ. ‘ಒಳಗೋ ಹೊರಗೋ?’ ಎಂದು ಕೇಳಿದವರೂ ಉಂಟು. ನಮ್ಮ ಬಡಾವಣೆಗೆ ಹೆಸರು ತಂದುಕೊಟ್ಟಿರುವುದು ಎರಡು ಗೋಡೆಗಳು. ಒಂದು ಸೆರೆಮನೆಯದು, ಇನ್ನೊಂದು ಮನೋರೋಗಿಗಳ ಆಸ್ಪತ್ರೆಯದು. ಸೆರೆಮನೆಗಾದರೋ ಚರಿತ್ರೆಯಿದೆ, 1932ರಲ್ಲಿ ಗಾಂಧೀಜಿ ಉಪವಾಸ ಕೂತದ್ದೂ ಪುಣೆ ಒಪ್ಪಂದವಾದದ್ದೂ ಅಲ್ಲಿಯೇ ಎಂದು ಶಾಲೆಯ ಮಕ್ಕಳೂ ಹೇಳುತ್ತಾರೆ. 2540 ಹಾಸಿಗೆಗಳ ಮಂಜೂರಾತಿ ಇರುವ, ದೇಶದ ದೊಡ್ಡ ಮನೋರುಗ್ಣಾಲಯಗಳಲ್ಲಿ ಒಂದಾದ ಆಸ್ಪತ್ರೆಯ ಪಾಲಿಗೆ ಮಾತ್ರ ಬಂದಿರುವುದು ಬರಿಯ ತಮಾಷೆ. ಬಸ್ಸಿನ ಕಂಡಕ್ಟರು ಆ ನಿಲ್ದಾಣವನ್ನು ‘ಮೆಂಟಲ್ ಕಾರ್ನರ್’ ಎಂದೇ ಕೂಗುತ್ತಾನೆ. ಧಾರವಾಡ ಸೀಮೆಯವರು ‘ಇವನನ್ನ ಧಾರವಾಡಕ್ಕ ಕಳಸ್ರಿ’ ಎಂದು ನಗುವಂತೆ ಪುಣೆಯವರು ಯೆರವಡಾದ ಹೆಸರು ಹೇಳಿ ನಗುತ್ತಾರೆ.

ಈ ಗೋಡೆಯ ಪಕ್ಕದಲ್ಲಿ ವರ್ಷಗಟ್ಟಲೆ ಓಡಾಡಿದ ಮೇಲೆ ತ್ರಿವೇಣಿಯವರ ‘ಶರಪಂಜರ’ವನ್ನು ಮತ್ತೊಮ್ಮೆ ಕೈಗೆತ್ತಿಕೊಂಡೆವು. ಮೊದಲ ಸಲ ಓದಿದ್ದು ಕಾಲೇಜಿನ ದಿನಗಳಲ್ಲಿ, ತಾಯಿಯವರ ಟ್ರಂಕಿನಲ್ಲಿದ್ದ ರಟ್ಟು ಹೋದ ಪ್ರತಿ. ಆಗ ಅತ್ತಿದ್ದೆವು. ಈ ಸಲ ಅಳು ಬರಲಿಲ್ಲ, ಸಿಟ್ಟು ಬಂತು. ಅದರಲ್ಲೂ ಕಾದಂಬರಿಯ ಮೇಲಲ್ಲ, ನಾವು ಅದನ್ನು ಇಷ್ಟು ವರ್ಷ ಓದಿಕೊಂಡು ಬಂದ ರೀತಿಯ ಮೇಲೆ.

ಕಥೆ ಓದುಗರಿಗೆ ಗೊತ್ತಿರುವುದೇ. ಕಾವೇರಿ ಚೆಲುವೆ, ಸುಸಂಸ್ಕೃತೆ. ಸತೀಶ ಮೆಚ್ಚಿ ಮದುವೆಯಾದ ಗಂಡ. ಸಂಸಾರ ಸುಖವಾಗಿಯೇ ಸಾಗುತ್ತದೆ. ಎರಡನೆಯ ಹೆರಿಗೆಯ ನಂತರ ಕಾವೇರಿಯ ಮನಸ್ಸು ಕೆಡುತ್ತದೆ. ಆಸ್ಪತ್ರೆಗೆ ಸೇರಿಸುತ್ತಾರೆ, ಚಿಕಿತ್ಸೆಯಾಗುತ್ತದೆ, ವಾಸಿಯೂ ಆಗುತ್ತದೆ. ವಾಸಿಯಾದ ಕಾವೇರಿ ಮನೆಗೆ ಬರುತ್ತಾಳೆ. ಆದರೆ ಮನೆ ವಾಸಿಯಾಗಿರುವುದಿಲ್ಲ. ಅವಳು ನಕ್ಕರೂ ಸಂಶಯ, ಅತ್ತರೂ ಸಂಶಯ, ಸುಮ್ಮನೆ ಕೂತರಂತೂ ಇನ್ನಷ್ಟು ಸಂಶಯ. ಗಂಡ ದೂರವಾಗಿದ್ದಾನೆ, ಅವನ ಬದುಕಿನಲ್ಲಿ ಇನ್ನೊಬ್ಬಳು ಬಂದಿದ್ದಾಳೆ. ಅದು ತಿಳಿದ ಮೇಲೆ ಕಾವೇರಿ ಮತ್ತೆ ಕುಸಿಯುತ್ತಾಳೆ.

ನಮ್ಮ ವಿಮರ್ಶಕರು ಈ ಕೃತಿಯನ್ನು ‘ಮನೋವೈಜ್ಞಾನಿಕ ಕಾದಂಬರಿ’ ಎಂಬ ಕಪಾಟಿನಲ್ಲಿಟ್ಟು ಬೀಗ ಹಾಕಿದರು. ತ್ರಿವೇಣಿ ಮನಶ್ಶಾಸ್ತ್ರ ಓದಿದವರು, ಆದ್ದರಿಂದ ಈ ಹೆಸರು ಒಪ್ಪುತ್ತದೆ ಎಂದು ಎಲ್ಲರೂ ತಲೆಯಾಡಿಸಿದರು. ನಾವು ಕೇಂದ್ರ ಸರ್ಕಾರದ ಕಾರಕೂನರು. ಫೈಲಿನ ಮೇಲೆ ಬರೆಯುವ ವಿಷಯದ ಬೆಲೆ ನಮಗೆ ಗೊತ್ತು. ಶೀರ್ಷಿಕೆ ತಪ್ಪಾದರೆ ಫೈಲು ತಪ್ಪು ಮೇಜಿಗೆ ಹೋಗುತ್ತದೆ. ಆ ಮೇಜಿನವರು ತಮಗೆ ತಿಳಿದ ಟಿಪ್ಪಣಿ ಬರೆದು ಮುಗಿಸಿಬಿಡುತ್ತಾರೆ. ‘ಮನೋವೈಜ್ಞಾನಿಕ’ ಎಂದೊಡನೆ ವಿಷಯ ಕಾವೇರಿಯ ಮನಸ್ಸಾಗುತ್ತದೆ. ರೋಗ ಅವಳದು, ದೌರ್ಬಲ್ಯ ಅವಳದು, ಕನಿಕರವೂ ಅವಳ ಪಾಲಿಗೇ. ಆ ಮನೆಯಲ್ಲಿ ಉಳಿದವರು ಏನು ಮಾಡಿದರು ಎಂಬುದು ಹಿನ್ನೆಲೆಯಾಗುತ್ತದೆ. ಇದೇ ಕೃತಿಯನ್ನು ಕೌಟುಂಬಿಕ ಹಿಂಸೆಯ ಕಾದಂಬರಿ ಎಂದು ಕರೆದು ನೋಡಿ. ಉತ್ತರಾರ್ಧದ ಪುಟಗಳು ಬೇರೆಯಾಗಿಯೇ ಕಾಣತೊಡಗುತ್ತವೆ.

‘ಅಲ್ಲಿ ಯಾರೂ ಕೈ ಎತ್ತುವುದಿಲ್ಲವಲ್ಲ, ಹಿಂಸೆ ಎಲ್ಲಿಂದ ಬಂತು?’ ಎಂದು ಕೇಳುವವರು ಇದ್ದಾರೆ. ಇದೇ ಪ್ರಶ್ನೆಗೆ ಉತ್ತರ ಹುಡುಕುವುದು ಈ ಲೇಖನದ ಕೆಲಸ.

ನಾವು ಕಣ್ಣಾರೆ ಕಂಡದ್ದೊಂದನ್ನು ಹೇಳಬೇಕು. ಕೆಲವು ವರ್ಷಗಳ ಹಿಂದೆ ನಮ್ಮ ಮೇಲಿನ ಮಹಡಿಯಲ್ಲಿ ಉತ್ತರ ಕರ್ನಾಟಕದ ಕಡೆಯ ಒಂದು ಸಂಸಾರವಿತ್ತು. ಗಂಡ ಬಲು ಮರ್ಯಾದಸ್ಥ. ರಾಜ್ಯೋತ್ಸವದ ಚಂದಾ ಕೇಳುವ ಮೊದಲೇ ಕೊಡುವವನು. ಆ ಮನೆಯಿಂದ ಒಂದು ದಿನವೂ ಹೊಡೆದಾಟದ ಸದ್ದು ಕೇಳಿದ್ದಿಲ್ಲ. ಹೆಂಡತಿಯ ಕೈಗೆ ಮಾತ್ರ ಹಣ ಕೊಡುತ್ತಿರಲಿಲ್ಲ. ತಂದ ತರಕಾರಿಗೂ ಲೆಕ್ಕ ಕೇಳುತ್ತಿದ್ದ. ಫೋನು ಅವನ ಜೇಬಿನಲ್ಲಿ. ಮುನಿಸು ಬಂದರೆ ಹದಿನೈದು ಹದಿನೈದು ದಿನ ಮಾತಿಲ್ಲ, ಕಥೆಯಿಲ್ಲ. ಯಾರಾದರೂ ಮನೆಗೆ ಹೋದರೆ, ಆಕೆ ಚಹಾ ತಂದಿಟ್ಟು ಏನಾದರೂ ಹೇಳಲು ಬಾಯಿ ತೆರೆದಾಗ, ‘ಅಕೀದೇನ್ ಕೇಳ್ತೀರಿ, ಅಕೀಗೆ ತಲಿ ಸರಿ ಇಲ್ಲ, ಹೆಂಗೂ ಯೆರವಡಾ ಹತ್ರದಾಗ ಅದೀವಿ’ ಎಂದು ನಗುತ್ತಿದ್ದ. ನಾವೂ ನಗುತ್ತಿದ್ದೆವು. ಬಿ.ಎ. ಮಾಡಿದ್ದ ಆ ಹೆಣ್ಣುಮಗಳು ಬರಬರುತ್ತಾ ತನ್ನ ಮಾತನ್ನು ತಾನೇ ನಂಬದಂತಾದಳು. ಗ್ಯಾಸು ಆರಿಸಿದ್ದೇನೋ ಇಲ್ಲವೋ ಎಂದು ಮೆಟ್ಟಿಲ ಅರ್ಧಕ್ಕೆ ಬಂದು ಮೂರು ಸಲ ಹಿಂದಿರುಗುವಳು. ನಮ್ಮ ಶ್ರೀಮತಿಯವರಿಗೆ ಅದು ಮೊದಲೇ ತಿಳಿದಿತ್ತು. ನಮಗೆ ಹೇಳಿಯೂ ಇದ್ದರು. ‘ಅವರ ಮನೆ ವಿಚಾರ, ನಮಗೇಕೆ’ ಎಂದದ್ದು ನಾವು.

ಆಕೆ ಒಮ್ಮೆ ಓದಲು ಪುಸ್ತಕ ಕೇಳಿದಾಗ ಶ್ರೀಮತಿಯವರು ಕೊಟ್ಟದ್ದು, ಯೋಚಿಸಿಯೋ ಯೋಚಿಸದೆಯೋ, ನಮ್ಮ ‘ಶರಪಂಜರ’ದ ಪ್ರತಿಯನ್ನೇ. ವಾರದೊಳಗೆ ಪುಸ್ತಕ ವಾಪಸು ಬಂತು. ಕಾವೇರಿ ಆಸ್ಪತ್ರೆಯಿಂದ ಮನೆಗೆ ಬರುವ ಭಾಗದಲ್ಲಿ ಬಸ್ಸಿನ ಟಿಕೀಟು ಗುರುತಿಗೆ ಇಟ್ಟಿತ್ತು. ‘ಮುಂದೆ ಓದಲಿಲ್ಲವಾ?’ ಎಂದು ಕೇಳಿದ್ದಕ್ಕೆ, ‘ಮುಂದ ಏನಾಗ್ತದ ಗೊತ್ತದರಿ ವೈನಿ’ ಎಂದಳಂತೆ. ಕನ್ನಡದ ಯಾವ ವಿಮರ್ಶಕನೂ ಆ ಕಾದಂಬರಿಯ ಬಗ್ಗೆ ಅಷ್ಟು ಸರಿಯಾಗಿ ಹೇಳಿದ್ದನ್ನು ನಾವು ಓದಿಲ್ಲ. ಸಿನಿಮಾ ನೋಡಿದವಳಲ್ಲ ಅವಳು. ಯಾರೂ ಕಥೆ ಹೇಳಿರಲೂ ಇಲ್ಲ.

ಕೈ ಎತ್ತದ ಹಿಂಸೆಗೆ ನಮ್ಮ ಕಾನೂನಿನಲ್ಲಿ ಈಗ ಹೆಸರಿದೆ. 2005ರಲ್ಲಿ ಅಂಗೀಕಾರವಾಗಿ 2006ರ ಅಕ್ಟೋಬರ್ 26ರಿಂದ ಜಾರಿಗೆ ಬಂದ ಕೌಟುಂಬಿಕ ಹಿಂಸೆಯಿಂದ ಮಹಿಳೆಯರ ರಕ್ಷಣೆಯ ಅಧಿನಿಯಮ ದೈಹಿಕ ಹಾಗೂ ಲೈಂಗಿಕ ಹಿಂಸೆಯ ಜೊತೆಗೆ ಮಾತಿನ ಮತ್ತು ಭಾವನೆಯ ಹಿಂಸೆಯನ್ನೂ, ಹಣಕಾಸಿನ ಹಿಂಸೆಯನ್ನೂ ಬಿಡಿಸಿ ಹೇಳುತ್ತದೆ. ಹೀಯಾಳಿಸುವುದು, ಅವಮಾನಿಸುವುದು, ಅಡ್ಡಹೆಸರಿಟ್ಟು ಕರೆಯುವುದು, ಮನೆಖರ್ಚಿಗೆ ಹಣ ಕೊಡದಿರುವುದು, ಎಲ್ಲವೂ ಅದರೊಳಗೆ ಬರುತ್ತವೆ. ಇಂಗ್ಲೆಂಡಿನಲ್ಲಿ 2015ರಲ್ಲಿ, ಹೊಡೆಯದೆಯೇ ಸಂಗಾತಿಯ ಬದುಕನ್ನು ಬಿಗಿಹಿಡಿದು ಆಳುವುದನ್ನೇ ಅಪರಾಧವೆಂದು ಕಾನೂನು ಮಾಡಿದರು. ತ್ರಿವೇಣಿಯವರು ತೀರಿಕೊಂಡದ್ದು 1963ರ ಜುಲೈನಲ್ಲಿ, ಹೆರಿಗೆಯಾದ ಕೆಲವೇ ದಿನಗಳಲ್ಲಿ, 34ನೆಯ ವಯಸ್ಸಿನಲ್ಲಿ. ಅಂದರೆ ಈ ಕಾನೂನು ಬರುವ ನಲವತ್ತು ವರ್ಷಗಳಿಗೂ ಮೊದಲೇ ಮೈಸೂರು ಸೀಮೆಯ ಒಬ್ಬ ಗೃಹಿಣಿ ಅದರ ವಿವರಗಳನ್ನೆಲ್ಲ ಕಥೆಯಲ್ಲಿ ಬರೆದಿಟ್ಟು ಹೋಗಿದ್ದರು.

ಹೋಲಿಕೆಗೆ ಹೊರಗಿನ ಎರಡು ಕೃತಿಗಳು ನೆನಪಾಗುತ್ತವೆ. 1892ರಲ್ಲಿ ಅಮೆರಿಕದ ಶಾರ್ಲೆಟ್ ಪರ್ಕಿನ್ಸ್ ಗಿಲ್ಮನ್ ಬರೆದ ‘ದಿ ಯೆಲೊ ವಾಲ್‌ಪೇಪರ್’ ಕಥೆಯಲ್ಲಿ ಬಾಣಂತಿಯೊಬ್ಬಳನ್ನು ವೈದ್ಯನಾದ ಗಂಡನೇ ‘ವಿಶ್ರಾಂತಿ’ ಎಂದು ಕೋಣೆಯಲ್ಲಿಟ್ಟು ಹುಚ್ಚಿಯನ್ನಾಗಿಸುತ್ತಾನೆ. 1938ರ ಪ್ಯಾಟ್ರಿಕ್ ಹ್ಯಾಮಿಲ್ಟನ್ನನ ನಾಟಕ ‘ಗ್ಯಾಸ್ ಲೈಟ್’ನಲ್ಲಿ ಗಂಡ ಬೇಕೆಂದೇ ಹೆಂಡತಿಗೆ ತಲೆ ಕೆಟ್ಟಿದೆಯೆಂದು ನಂಬಿಸಲು ಹೊರಡುತ್ತಾನೆ, ಅದರ ಹೆಸರೇ ಇಂದು ಇಂಗ್ಲಿಷಿನಲ್ಲಿ ಆ ಕುತಂತ್ರಕ್ಕೆ ಪದವಾಗಿದೆ. ತ್ರಿವೇಣಿ ಇವರಿಬ್ಬರಿಗಿಂತ ಒಂದು ಹೆಜ್ಜೆ ಮುಂದೆ ಹೋದರೆಂದು ನಮ್ಮ ಅಭಿಪ್ರಾಯ. ಸತೀಶ ದುಷ್ಟನಲ್ಲ, ಸಂಚುಗಾರನೂ ಅಲ್ಲ. ಅಂಥವನನ್ನು ಖಳನಾಯಕನೆಂದು ದೂರಿ ನಾವು ನಿಶ್ಚಿಂತರಾಗಿ ಮನೆಗೆ ಹೋಗುವಂತಿಲ್ಲ. ಅವನು ನಮ್ಮಂತೆಯೇ ಕಚೇರಿಗೆ ಹೋಗಿ ಬರುವ, ನಾಲ್ಕು ಜನ ಒಳ್ಳೆಯವನೆನ್ನುವ ಮನುಷ್ಯ. ಹಿಂಸೆ ನಡೆಯುವುದು ಅವನು ಮಾಡಿದ್ದರಿಂದ ಎಷ್ಟೋ, ಮಾಡದೆ ಬಿಟ್ಟದ್ದರಿಂದಲೂ ಅಷ್ಟೇ.

ಈಗ ನಮ್ಮ ಪುಣೆಯದೇ ಒಂದು ಸಂಗತಿಗೆ ಬರೋಣ. ಇಲ್ಲಿನ ಹಳಬರು ಮಂಜುಶ್ರೀ ಸಾರ್ಡಾ ಪ್ರಕರಣವನ್ನು ಮರೆತಿಲ್ಲ. 1982ರ ಫೆಬ್ರವರಿಯಲ್ಲಿ ಮದುವೆಯಾಗಿ ಬೀಡದಿಂದ ಪುಣೆಗೆ ಬಂದ ಆ ತರುಣಿ, ಜೂನ್ 11ರ ರಾತ್ರಿ ಕಳೆಯುವುದರೊಳಗೆ ಪೊಟ್ಯಾಸಿಯಂ ಸಯನೈಡ್ ವಿಷದಿಂದ ಸತ್ತಿದ್ದಳು. ಮದುವೆಯಾಗಿ ನಾಲ್ಕೇ ತಿಂಗಳು. ಗಂಡನಿಗೆ ಕೆಳಗಿನ ಕೋರ್ಟು ಮರಣದಂಡನೆ ಕೊಟ್ಟಿತು, ಹೈಕೋರ್ಟು ಎತ್ತಿಹಿಡಿಯಿತು. 1984ರ ಜುಲೈ 17ರಂದು ಸುಪ್ರೀಂ ಕೋರ್ಟು ಅವನನ್ನು ಬಿಡುಗಡೆ ಮಾಡಿತು. ಸಾಂದರ್ಭಿಕ ಸಾಕ್ಷ್ಯವನ್ನು ಹೇಗೆ ತೂಗಬೇಕೆಂದು ಹೇಳುವ ಐದು ಸೂತ್ರಗಳನ್ನು ನ್ಯಾಯಮೂರ್ತಿ ಫಜಲ್ ಅಲಿಯವರು ಆ ತೀರ್ಪಿನಲ್ಲಿ ಬರೆದರು. ‘ಪಂಚಶೀಲ’ವೆಂದು ವಕೀಲರು ಇಂದಿಗೂ ಅವನ್ನು ಉದ್ಧರಿಸುತ್ತಾರೆ. ಸಂಶಯದ ಲಾಭ ಆರೋಪಿಗೆ ಸಲ್ಲಬೇಕೆಂಬುದರಲ್ಲಿ ನಮಗೆ ತಕರಾರಿಲ್ಲ. ಕೊಲೆಯೆಂದು ಸಿದ್ಧವಾಗದಿದ್ದರೆ ಯಾರನ್ನೂ ಗಲ್ಲಿಗೆ ಹಾಕಲಾಗದು.

ನಮ್ಮನ್ನು ಕಾಡುವುದು ಆ ಪ್ರಕರಣದಲ್ಲಿ ಪುರಾವೆಯಾಗಿ ಬಂದ ಪತ್ರಗಳು. ಮಂಜುಶ್ರೀ ತಂಗಿಗೂ ಗೆಳತಿಗೂ ಬರೆದ ಪತ್ರಗಳು ಅವು. ನ್ಯಾಯಾಲಯ ಅವನ್ನು ಓದಿ, ಬರೆದವಳು ಸೂಕ್ಷ್ಮ, ಭಾವುಕ ಸ್ವಭಾವದವಳೆಂದು ಕಂಡು, ಆತ್ಮಹತ್ಯೆಯ ಸಾಧ್ಯತೆಯನ್ನು ತಳ್ಳಿಹಾಕಲಾಗದು ಎಂದಿತು. ಆಗಬಹುದು. ಆದರೆ ನಾಲ್ಕು ತಿಂಗಳ ಮದುಮಗಳು ಸಾಯುವಷ್ಟು ನೊಂದಿದ್ದರೆ ನೋಯಿಸಿದ್ದು ಯಾವುದು ಎಂಬ ಪ್ರಶ್ನೆಗೆ ಆಗಿನ ದಂಡಸಂಹಿತೆಯಲ್ಲಿ ಒಂದು ಮನೆಯೇ ಇರಲಿಲ್ಲ. ಕೊಲೆ, ಇಲ್ಲವೆ ಏನೂ ಇಲ್ಲ. ಹೆಂಡತಿಯ ದೇಹಕ್ಕೋ ಮನಸ್ಸಿಗೋ ಅಪಾಯ ತರುವ ಕ್ರೌರ್ಯವನ್ನು ಅಪರಾಧವೆಂದ 498-ಎ ಕಲಮು ಸೇರಿದ್ದು 1983ರ ಡಿಸೆಂಬರಿನಲ್ಲಿ, ಅವಳು ಸತ್ತು ಒಂದೂವರೆ ವರ್ಷದ ಮೇಲೆ. (2024ರ ಜುಲೈಯಿಂದ ಅದು ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೆಯ ಕಲಮುಗಳಲ್ಲಿದೆ.) ಕಾವೇರಿಯ ಫೈಲಿನ ಮೇಲೆ ‘ಮನೋವೈಜ್ಞಾನಿಕ’, ಮಂಜುಶ್ರೀಯ ಫೈಲಿನ ಮೇಲೆ ‘ಸೂಕ್ಷ್ಮ ಸ್ವಭಾವ’. ಎರಡು ಕಡೆಯೂ ಕಾರಣವನ್ನು ಹೆಣ್ಣಿನ ಒಳಗೇ ಹುಡುಕಿದ್ದಾಯಿತು.

ಪುಣೆಯ ಹೆಂಗಸರು ಇದನ್ನು ಹಾಗೇ ಬಿಡಲಿಲ್ಲ. ಆ ಸಾವಿನ ಹಿಂದೆಯೇ ವಿದ್ಯಾ ಬಾಳ ಮೊದಲಾದವರು ನಾರಿ ಸಮತಾ ಮಂಚ್ ಕಟ್ಟಿ, ‘ಮೀ ಏಕ ಮಂಜುಶ್ರೀ’, ಅಂದರೆ ‘ನಾನೂ ಒಬ್ಬ ಮಂಜುಶ್ರೀ’ ಎಂಬ ಚಿತ್ರಫಲಕಗಳ ಪ್ರದರ್ಶನವನ್ನು ಊರೂರಿಗೆ ಒಯ್ದರು. ನೋಡಲು ಬಂದ ಹೆಂಗಸರು ತಮ್ಮ ತಮ್ಮ ಮನೆಯ ಕಥೆ ಹೇಳತೊಡಗಿದರು. ಮಂಚಿನ ಕೇಂದ್ರಕ್ಕೆ ‘ಬೋಲತೇ ವ್ಹಾ’, ‘ಮಾತಾಡುವವಳಾಗು’ ಎಂದು ಹೆಸರಿಟ್ಟರು. 2020ರಲ್ಲಿ ತೀರಿಕೊಂಡ ಈ ವಿದ್ಯಾತಾಯಿ ಕಿರ್ಲೋಸ್ಕರ ಬಳಗದ ‘ಸ್ತ್ರೀ’ ಮಾಸಿಕದ ಸಂಪಾದಕಿಯಾಗಿದ್ದವರು. ಕಿರ್ಲೋಸ್ಕರರ ಉದ್ಯಮ ಹುಟ್ಟಿದ್ದು ಬೆಳಗಾವಿಯ ಸೈಕಲ್ ಅಂಗಡಿಯಲ್ಲಿ ಎಂದು ನಾವು ಕನ್ನಡಿಗರು ಹೆಮ್ಮೆಯಿಂದ ಹೇಳಿಕೊಳ್ಳುತ್ತೇವೆ. ‘ಸ್ತ್ರೀ’ಯ ಸುದ್ದಿ ಬಂದರೆ ಮಾತ್ರ ಅದು ಮರಾಠಿಗರದು.

ಬೆಂಗಳೂರಿನ ಕಥೆಯೂ ಬೇರೆಯಿಲ್ಲ. 1979ರಲ್ಲಿ ಹುಟ್ಟಿದ ‘ವಿಮೋಚನಾ’ ಸಂಸ್ಥೆಯವರು ಸುಟ್ಟಗಾಯಗಳ ವಾರ್ಡಿನ ಬಾಗಿಲಲ್ಲಿ ನಿಂತು ಲೆಕ್ಕ ಬರೆಯತೊಡಗಿದಾಗ ಎಷ್ಟೋ ‘ಸ್ಟೋವ್ ಸಿಡಿತ’ಗಳ ಬಣ್ಣ ಬಯಲಾಯಿತು. 1997ರ ಒಂದೇ ವರ್ಷದಲ್ಲಿ ಆ ನಗರದಲ್ಲಿ 1133 ಹೆಂಗಸರ ಅಸಹಜ ಸಾವುಗಳು ದಾಖಲಾಗಿದ್ದವು. ಅದರಲ್ಲಿ ಕೊಲೆಯೆಂದು ಬರೆದದ್ದು 157, ಆತ್ಮಹತ್ಯೆ 546, ಆಕಸ್ಮಿಕ 430. ಇಲ್ಲೂ ಪ್ರಶ್ನೆ ಶೀರ್ಷಿಕೆಯದೇ. ಆ 546ರ ಹಿಂದೆ ಎಷ್ಟು ಕಾವೇರಿಯರಿದ್ದರೋ.

ಅಂಕಿ ಅಂಶಗಳನ್ನು ನಂಬುವವರಿಗಾಗಿ ಇನ್ನೊಂದು ಮಾತು. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ನಾಲ್ಕನೆಯ ಸುತ್ತಿನಲ್ಲಿ (2015-16) ಗಂಡನ ಹಿಂಸೆ ಅನುಭವಿಸಿದ್ದೇವೆಂದ ಕರ್ನಾಟಕದ ವಿವಾಹಿತ ಹೆಂಗಸರು ನೂರಕ್ಕೆ 20.6, ಐದನೆಯ ಸುತ್ತಿನಲ್ಲಿ (2019-21) 44.4. ಅದೇ ಸುತ್ತಿನಲ್ಲಿ ಮಹಾರಾಷ್ಟ್ರದ್ದು 25.2, ಇಡೀ ದೇಶದ್ದು 29.3. ‘ನಮ್ಮ ಜನ ಸಾತ್ವಿಕರು’ ಎಂದು ಗಣೇಶೋತ್ಸವದ ವೇದಿಕೆಯಲ್ಲಿ ಭಾಷಣ ಮಾಡುವ ನಮ್ಮಂಥವರು ಈ ಅಂಕಿಯನ್ನು ಒಮ್ಮೆ ನೋಡಬೇಕು. ಹಿಂಸೆಯೇ ಇಮ್ಮಡಿಯಾಯಿತೋ, ಬಾಯಿಬಿಟ್ಟು ಹೇಳಿದವರು ಹೆಚ್ಚಿದರೋ, ಅಂಕಿ ಹೇಳುವುದಿಲ್ಲ. ನಮಗೆ ಮುಖ್ಯವೆನಿಸಿದ್ದು ಇನ್ನೊಂದು: ಈ ಲೆಕ್ಕಕ್ಕೆ ಬರುವುದು ದೈಹಿಕ ಮತ್ತು ಲೈಂಗಿಕ ಹಿಂಸೆ ಮಾತ್ರ. ಮಾನಸಿಕ ಹಿಂಸೆಯನ್ನು ಬೇರೆಯಾಗಿ ಕೇಳಿ ಬೇರೆಯಾಗಿ ಬರೆದಿರುತ್ತಾರೆ. ಸುದ್ದಿಯಾಗುವ ಅಂಕಿಯಲ್ಲಿ ಅದಿಲ್ಲ. ಅಂದರೆ ಸಮೀಕ್ಷೆಯವರು ಸತೀಶನ ಮನೆ ಬಾಗಿಲು ತಟ್ಟಿದ್ದರೆ ಕಾವೇರಿ ಈ 44.4ರಲ್ಲಿ ಸೇರುತ್ತಿರಲಿಲ್ಲ. ನಮ್ಮ ಮೇಲಿನ ಮಹಡಿಯವಳೂ ಸೇರುತ್ತಿರಲಿಲ್ಲ. ಅದೇ ಸುತ್ತಿನಲ್ಲಿ, ಯಾವುದಾದರೂ ಒಂದು ಕಾರಣಕ್ಕೆ ಗಂಡ ಹೆಂಡತಿಯನ್ನು ಹೊಡೆಯುವುದು ಸರಿ ಎಂದ ಕರ್ನಾಟಕದ ಹೆಂಗಸರು ನೂರಕ್ಕೆ 76.9. ಕೇಳಿದ ಕಾರಣಗಳಲ್ಲಿ ಅತ್ತೆಮಾವಂದಿರಿಗೆ ಅಗೌರವ ತೋರುವುದೂ ಒಂದು, ಅಡುಗೆ ಸರಿಯಾಗಿ ಮಾಡದಿರುವುದೂ ಒಂದು.

ಇದನ್ನು ಓದಿದಾಗ ನಮಗೆ ‘ಕೆರೆಗೆ ಹಾರ’ ನೆನಪಾಯಿತು. ಶಾಲೆಯಲ್ಲಿ ಅದನ್ನು ತ್ಯಾಗದ ಕಥೆಯೆಂದು ಕಲಿತವರು ನಾವೆಲ್ಲ. ಕೆರೆಗೆ ನೀರು ಬರಲೆಂದು ಕಿರಿಸೊಸೆ ಭಾಗೀರಥಿಯನ್ನು ಬಲಿಕೊಡಲು ಮನೆಯವರು ನಿಶ್ಚಯಿಸುತ್ತಾರೆ. ಅವಳು ತವರಿಗೆ ಓಡುತ್ತಾಳೆ. ಅಲ್ಲಿ ಏನಾಗುತ್ತದೆಂದು ಗಮನಿಸಿ. ಹೆತ್ತವರ ಮುಂದೆ ಅವಳ ಬಾಯಿಂದ ನಿಜ ಹೊರಡುವುದಿಲ್ಲ. ಅತ್ತೆಮನೆಯವರು ಬೇರೆ ಇಡುತ್ತಾರಂತೆ ಎಂದು ಸುಳ್ಳು ಹೇಳುತ್ತಾಳೆ, ಅವರು ಹೊಲ ಕೊಡುತ್ತೇವೆ, ವಾಲೆ ಕೊಡುತ್ತೇವೆ ಎಂದು ಸಮಾಧಾನ ಮಾಡುತ್ತಾರೆ. ನಿಜ ಹೇಳುವುದು ಗೆಳತಿಗೊಬ್ಬಳಿಗೇ. ನಿಜ ಕೇಳಿದ ಗೆಳತಿ, ಕೊಟ್ಟರೆ ಕೊಡಲಿ, ಅವರು ಇಟ್ಟ ಹಾಗೆ ಇರಬೇಕು ಎಂದು ಹಿಂದಕ್ಕೆ ಕಳಿಸುತ್ತಾಳೆ. ಮಂಜುಶ್ರೀ ತನ್ನ ನೋವನ್ನು ಬರೆದದ್ದೂ ತಂಗಿಗೆ, ಗೆಳತಿಗೆ. ಆ ಹಾಡು ಕಟ್ಟಿದ ಹೆಂಗಸರಿಗೆ ತ್ಯಾಗದ ಮಹಿಮೆಯಿಗಿಂತ ಈ ದಾರಿಯಿಲ್ಲದ ಸ್ಥಿತಿಯೇ ಚೆನ್ನಾಗಿ ಗೊತ್ತಿತ್ತೆಂದು ತೋರುತ್ತದೆ. ‘ತ್ಯಾಗ’ ಎಂಬ ಶೀರ್ಷಿಕೆ ಬರೆದವರು ಪಠ್ಯಪುಸ್ತಕದವರು.

ಹಿಂಸೆ ಕಣ್ಣಿಗೆ ಹೊಡೆಯುವಂತಿದ್ದಾಗ ನಮ್ಮ ಸಾಹಿತ್ಯ ಅದನ್ನು ಸಮರ್ಥವಾಗಿಯೇ ಬರೆದಿದೆ. ಸಾರಾ ಅಬೂಬಕ್ಕರ್ ಅವರ ‘ಚಂದ್ರಗಿರಿಯ ತೀರದಲ್ಲಿ’ಯಲ್ಲಿ ಕಾಸರಗೋಡು ಸೀಮೆಯ ನಾದಿರಾಳ ಸಂಸಾರವನ್ನು ಮುರಿಯುವುದು ಗಂಡನಲ್ಲ, ಹೆತ್ತ ತಂದೆಯ ಹಠ. ಮನೆಯ ಯಜಮಾನನ ಕಾಲಸಪ್ಪಳಕ್ಕೇ ಹೆಂಗಸರು ನಡುಗುವ ಚಿತ್ರ ಅಲ್ಲಿ ಮರೆಯಲಾಗದಂತೆ ಬಂದಿದೆ. ಭೈರಪ್ಪನವರ ‘ಗೃಹಭಂಗ’ದಲ್ಲಿ ನಂಜಮ್ಮ ಅತ್ತೆ ಗಂಗಮ್ಮನ ಬೈಗುಳದ ಮಳೆಯಲ್ಲೇ ಬದುಕು ಸವೆಸುತ್ತಾಳೆ. ಆದರೆ ನಾಲ್ಕು ಜನ ಓದುಗರು ಸೇರಿದಾಗ ‘ಗೃಹಭಂಗ’ದ ಯಾವ ಭಾಗ ಹೊರಬರುತ್ತದೆ? ಗಂಗಮ್ಮನ ಬೈಗುಳವನ್ನು ಒಬ್ಬೊಬ್ಬರೂ ಅನುಕರಿಸಿ ನಗುತ್ತಾರೆ. ನಾವೂ ಅನುಕರಿಸಿದ್ದೇವೆ. ಬೈಸಿಕೊಂಡವಳ ಮೌನವನ್ನು ಅನುಕರಿಸಲು ಬರುವುದಿಲ್ಲವಲ್ಲ. ವೈದೇಹಿಯವರ ‘ಅಕ್ಕು’ ಕಥೆ ಮಾತ್ರ ತ್ರಿವೇಣಿಯವರ ದಾರಿಯನ್ನು ಇನ್ನೂ ಆಚೆಗೆ ಒಯ್ದಿದೆ. ಮನೆಯವರು ಹುಚ್ಚಿಯೆಂದವಳ ಬಾಯಿಂದಲೇ ಮನೆಯವರ ಬಂಡವಾಳ ಹೊರಬೀಳುತ್ತದೆ.

ಚಲಚ್ಚಿತ್ರದ ಬಗ್ಗೆ ಎರಡು ಮಾತು ಹೇಳದಿದ್ದರೆ ಓದುಗರು ಒಪ್ಪಲಾರರು. ಪುಟ್ಟಣ್ಣ ಕಣಗಾಲರ ‘ಶರಪಂಜರ’ವನ್ನು ದೂರದರ್ಶನದಲ್ಲಿ ಎಷ್ಟು ಸಲ ನೋಡಿದ್ದೇವೋ ಲೆಕ್ಕವಿಲ್ಲ. ಕಲ್ಪನಾ ಅವರ ಅಭಿನಯ ಕನ್ನಡದ ಆಸ್ತಿ. ಆದರೂ ಒಂದು ದೂರು. ಆ ಅಭಿನಯದ ಅಬ್ಬರದಲ್ಲಿ ಹುಚ್ಚು ಎಂಬುದು ನೋಡುವ ವಸ್ತುವಾಯಿತು. ಕಾಲೇಜಿನ ವಾರ್ಷಿಕೋತ್ಸವಗಳಲ್ಲಿ, ನಮ್ಮ ಸಂಘದ ಮನರಂಜನೆಯ ಕಾರ್ಯಕ್ರಮಗಳಲ್ಲೂ, ಹುಡುಗಿಯರು ಅಭಿನಯಿಸಿ ಚಪ್ಪಾಳೆ ಗಿಟ್ಟಿಸಿದ್ದು ಕಾವೇರಿಯ ಕೂಗಾಟವನ್ನು. ಅವಳು ಸರಿಯಾಗಿದ್ದಾಗ, ಯಾರೂ ಅವಳ ಮಾತಿಗೆ ಉತ್ತರ ಕೊಡದ ಆ ಸಾಧಾರಣ ಮಧ್ಯಾಹ್ನಗಳನ್ನು ಯಾರೂ ಅಭಿನಯಿಸಲಿಲ್ಲ. ಕಾದಂಬರಿಯ ಶಕ್ತಿ ಇರುವುದು ಅಲ್ಲಿ. ಪುಟ್ಟಣ್ಣನವರೂ ಆ ದೃಶ್ಯಗಳನ್ನು ಬಿಟ್ಟಿಲ್ಲ. ಪ್ರೇಕ್ಷಕರಾದ ನಾವು ಅವನ್ನು ದಾಟಿಸಿಕೊಂಡು ಹೋದೆವು.

ಕಾವೇರಿಯಂತೆ ವಾಸಿಯಾಗಿ, ಕರೆದೊಯ್ಯಲು ಮನೆಯವರು ಬಾರದೆ ಆಸ್ಪತ್ರೆಯಲ್ಲೇ ಉಳಿಯುವ ಹೆಂಗಸರ ಸಂಗತಿ ಈ ದೇಶದ ಎಲ್ಲ ದೊಡ್ಡ ಮನೋರುಗ್ಣಾಲಯಗಳ ಹಳೆಯ ಸಂಕಟ. 2017ರ ಮಾನಸಿಕ ಆರೋಗ್ಯ ಆರೈಕೆ ಅಧಿನಿಯಮದ 19ನೆಯ ಕಲಮು, ಮನೆಯಿಲ್ಲವೆಂದೋ ಮನೆಯವರು ಒಪ್ಪುವುದಿಲ್ಲವೆಂದೋ ಯಾರನ್ನೂ ಆಸ್ಪತ್ರೆಯಲ್ಲಿ ಇಟ್ಟುಕೊಳ್ಳುವಂತಿಲ್ಲ ಎನ್ನುತ್ತದೆ. ಒಳ್ಳೆಯ ಮಾತು. ಮನೆಗೆ ಬಂದ ಮೇಲೆ ಅವಳಿಗೆ ತಟ್ಟೆ ಹಾಕುವವರು ಯಾರು, ಮಗುವನ್ನು ಅವಳ ಕೈಗೆ ಕೊಡುವವರು ಯಾರು ಎಂಬುದನ್ನು ಕಲಮಿನಲ್ಲಿ ಬರೆಯಲು ಬರುವುದಿಲ್ಲ. ತ್ರಿವೇಣಿ ಬರೆದರು.

ಅವರ ಮೇಲೆ ನಮಗಿರುವ ಆಕ್ಷೇಪಣೆ ಒಂದೇ. ಕಾವೇರಿಯ ಮನಸ್ಸಿನ ಒಂದೊಂದು ಎಳೆಯನ್ನೂ ಬಿಡಿಸಿದ ಲೇಖಕಿ ಸತೀಶನ ವಿಷಯದಲ್ಲಿ ತುಸು ದಾಕ್ಷಿಣ್ಯ ತೋರಿದರು. ಅವನ ಮನಸ್ಸನ್ನೂ ಅಷ್ಟೇ ನಿರ್ದಾಕ್ಷಿಣ್ಯವಾಗಿ ತೆರೆದಿದ್ದರೆ ಅದು ನಿಜವಾಗಿಯೂ ಮನೋವೈಜ್ಞಾನಿಕ ಕಾದಂಬರಿಯಾಗುತ್ತಿತ್ತು, ಆಗ ಆ ಹೆಸರಿಗೆ ನಾವು ತಕರಾರು ಮಾಡುತ್ತಿರಲಿಲ್ಲ. ಕಾವೇರಿ ಎರಡನೆಯ ಸಲ ಕುಸಿದ ಮೇಲೆ ಅವನಿಗೆ ನೆರೆಹೊರೆಯವರು ಏನೆಂದಿರಬಹುದು? ‘ಪಾಪ, ಎಷ್ಟು ತಾಳಿಕೊಂಡ’ ಎಂದೇ ಅಂದಿರುತ್ತಾರೆ. ನಮ್ಮ ಮೇಲಿನ ಮಹಡಿಯವನಿಗೆ ಬೇರೆ ಊರಿಗೆ ವರ್ಗವಾದಾಗ, ಬೀಳ್ಕೊಡಲು ಹೋದ ನಾವೂ ಅವನ ಕೈಕುಲುಕಿ, ಆಕೆಯ ಆರೋಗ್ಯ ನೋಡಿಕೊಳ್ಳಿ ಎಂದು ಅವನಿಗೇ ಹೇಳಿ ಬಂದಿದ್ದೆವು. ಆಕೆ ಒಳಗಿನ ಕೋಣೆಯಲ್ಲಿ ಡಬ್ಬಗಳಿಗೆ ಹಗ್ಗ ಕಟ್ಟುತ್ತಿದ್ದಳು.